ಗುಡಿ ಕಂಡೆವು, ಊರು ಕಾಣಲಿಲ್ಲ



ಚಳಿಗಾಲ ಸಮೀಪಿಸುತ್ತಿದ್ದಂತೆ ಹೊರನಾಡಿನ ಕನ್ನಡ ಸಂಘಗಳಲ್ಲಿ ಎರಡು ವಿಷಯಗಳು ಚರ್ಚೆಗೆ ಬರುತ್ತವೆ. ಒಂದು, ರಾಜ್ಯೋತ್ಸವಕ್ಕೆ ಅತಿಥಿಗಳು ಯಾರು. ಇನ್ನೊಂದು, ವಾರ್ಷಿಕ ಪ್ರವಾಸ ಎಲ್ಲಿಗೆ. ಮೊದಲನೆಯದರ ಬಗೆಗೆ ಈ ಪುಟದಲ್ಲಿ ಬೇಕಾದಷ್ಟು ಬರೆದಾಗಿದೆ. ಎರಡನೆಯದನ್ನು ನಾವು ಉಪಸಮಿತಿಯೊಂದಕ್ಕೆ ಒಪ್ಪಿಸಿ ನಿಶ್ಚಿಂತರಾಗುತ್ತೇವೆ. ಅದು ಸಂಪಾದಕೀಯಕ್ಕೆ ತಕ್ಕ ವಿಷಯವೆಂದು ಯಾರಿಗೂ ತೋರುವುದಿಲ್ಲ. ಈ ಸಲ ನನಗೆ ಹಾಗೆ ತೋರಿದೆ. ಮುಂಬಯಿಯಿಂದ ಬಾದಾಮಿ, ಪಟ್ಟದಕಲ್ಲು, ಐಹೊಳೆಗಳಿಗೆ ಮತ್ತೊಮ್ಮೆ ಹೋಗಬೇಕೆಂಬ ಸೂಚನೆ ಕಾರ್ಯಕಾರಿ ಸಮಿತಿಯ ಮುಂದಿದೆ. ಹೋಗಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಹೋಗುವ ರೀತಿಯನ್ನು ಕುರಿತು ಮಾತ್ರ ನನ್ನ ತಕರಾರು.

ಬಾದಾಮಿಯಿಂದ ಪಟ್ಟದಕಲ್ಲಿಗೆ ಸುಮಾರು 22 ಕಿಲೋಮೀಟರು. ಅಲ್ಲಿಂದ ಐಹೊಳೆಗೆ ಇನ್ನು ಹದಿಮೂರು ಹದಿನಾಲ್ಕು. ಅಂತರ ಇಷ್ಟು ಕಡಿಮೆಯಿರುವುದರಿಂದಲೇ ಪ್ರವಾಸ ಕಂಪೆನಿಗಳ ಪಾಲಿಗೆ ಇದು ‘ಒಂದು ದಿನದ ಪ್ರವಾಸ’ವಾಗಿ ಒದಗಿಬಂದಿದೆ. ಬೆಳಗ್ಗೆ ಎಂಟಕ್ಕೆ ಬಾದಾಮಿಯ ಗುಹೆಗಳು, ಹನ್ನೊಂದಕ್ಕೆ ಪಟ್ಟದಕಲ್ಲು, ನಡುವೆ ಊಟ, ಎರಡೂವರೆಗೆ ಐಹೊಳೆ, ಇಳಿಹೊತ್ತಿಗೆ ಬನಶಂಕರಿಯ ದರ್ಶನ, ರಾತ್ರಿ ಮರಳಿ ರೈಲು. ಚಾಲುಕ್ಯರು ಎರಡು ಶತಮಾನಗಳ ಕಾಲ ಆಳಿದ ನೆಲವನ್ನು ಹತ್ತು ಗಂಟೆಗಳಲ್ಲಿ ಮುಗಿಸುವ ಈ ಚಾತುರ್ಯ ಮೆಚ್ಚತಕ್ಕದ್ದೇ. ಕಳೆದ ಸಲ ನಮ್ಮ ಸಂಘದ ನಲವತ್ತಕ್ಕೂ ಮಿಕ್ಕಿದ ಸದಸ್ಯರು ಹೀಗೆಯೇ ಹೋಗಿ ಬಂದರು. ನಾನೂ ಅವರಲ್ಲಿ ಒಬ್ಬನಾಗಿದ್ದೆ.

ಆ ದಿನ ನಾವು ಕಾಣದೆ ಬಂದದ್ದೇನು ಎಂಬುದನ್ನು ಹೇಳಿಬಿಡುತ್ತೇನೆ. ಬಾದಾಮಿಯ ಕೆರೆಗೆ ಅಭಿಮುಖವಾದ ಬಂಡೆಯ ಮೇಲೆ ಕಪ್ಪೆ ಅರಭಟ್ಟನ ಶಾಸನವಿದೆ. ಕನ್ನಡ ತ್ರಿಪದಿಯ ಅತ್ಯಂತ ಹಳೆಯ ಮಾದರಿಗಳು ಅದರಲ್ಲಿವೆ. ಸುಮಾರು ಕ್ರಿ.ಶ. 700ರ ಆ ಪದ್ಯಗಳನ್ನು ನಮ್ಮ ಮಕ್ಕಳಿಗೆ ತೋರಿಸದೆ ಬಾದಾಮಿಯಿಂದ ಬಂದೆವೆಂದರೆ ಏನರ್ಥ? ಅದು ‘ದಾರಿಯಲ್ಲಿಲ್ಲ’ ಎಂದು ಹೇಳಲಾಯಿತು. ಐಹೊಳೆಯ ಬೆಟ್ಟದ ಮೇಲಿನ ಮೇಗುತಿ ಜಿನಾಲಯವೂ ದಾರಿಯಲ್ಲಿರಲಿಲ್ಲ. ಅಲ್ಲಿಯ ಗೋಡೆಯ ಮೇಲೆ ರವಿಕೀರ್ತಿಯ ಸಂಸ್ಕೃತ ಪ್ರಶಸ್ತಿ ಇದೆ. ಶಕ 556, ಅಂದರೆ ಕ್ರಿ.ಶ. 634ರ ತೇದಿಯೂ ಇದೆ. ನರ್ಮದೆಯ ದಡದಲ್ಲಿ ಹರ್ಷವರ್ಧನನ ಹರ್ಷವನ್ನು ಕಳೆದ ಪುಲಕೇಶಿಯ ಕಥೆಯನ್ನು ನಾವೆಲ್ಲ ಶಾಲೆಯಲ್ಲಿ ಓದಿದ್ದೇವೆ. ಆ ಕಥೆಗೆ ಆಧಾರವಾದ ಕಲ್ಲು ಇದೇ. ಕಾಳಿದಾಸ, ಭಾರವಿಯರ ಕಾಲವನ್ನು ಚರ್ಚಿಸುವ ವಿದ್ವಾಂಸರೆಲ್ಲ ಈ ಕಲ್ಲಿನ ಮುಂದೆ ಒಮ್ಮೆ ನಿಲ್ಲಲೇಬೇಕು, ಏಕೆಂದರೆ ರವಿಕೀರ್ತಿ ಇಬ್ಬರ ಹೆಸರನ್ನೂ ಹೇಳುತ್ತಾನೆ. ನಮ್ಮ ಬಸ್ಸು ಬೆಟ್ಟದ ಬುಡವನ್ನು ಬಳಸಿಕೊಂಡು ಹೋಯಿತು.

ತೋರಿಸಿದ್ದನ್ನಾದರೂ ಸರಿಯಾಗಿ ತೋರಿಸಿದರೆ? ಕಂಪೆನಿಯವರು ಜೊತೆಗೆ ಕಳಿಸಿದ್ದ ಮಾರ್ಗದರ್ಶಿ ಉತ್ಸಾಹಿ ತರುಣ. ಅವನ ಮೇಲೆ ನನಗೆ ಸಿಟ್ಟಿಲ್ಲ. ಆದರೆ ಐಹೊಳೆಯ ದುರ್ಗದ ಗುಡಿಯನ್ನು ಅವನು ದುರ್ಗಾದೇವಿಯ ಗುಡಿಯೆಂದು ಪರಿಚಯಿಸಿದ. ಕೋಟೆಯ, ಎಂದರೆ ದುರ್ಗದ, ಮಗ್ಗುಲಲ್ಲಿದ್ದುದರಿಂದ ಬಂದ ಹೆಸರದು. ಮುಂದುವರಿದು, ದೆಹಲಿಯ ಸಂಸತ್ ಭವನವನ್ನು ಕಟ್ಟಿದ ಆಂಗ್ಲರು ಈ ಗುಡಿಯನ್ನು ನೋಡಿಯೇ ಕಟ್ಟಿದರೆಂದೂ ಸೇರಿಸಿದ. ನಮ್ಮವರು ಚಪ್ಪಾಳೆ ತಟ್ಟಿದರು. ಗುಡಿಯ ಹಿಂಭಾಗ ಗಜಪೃಷ್ಠಾಕಾರದ್ದು, 1927ರಲ್ಲಿ ತೆರೆದ ಆ ಭವನ ಪೂರ್ತಿ ವೃತ್ತಾಕಾರದ್ದು. ಸುತ್ತ ಕಂಬಸಾಲು ಇರುವುದೊಂದನ್ನು ಬಿಟ್ಟರೆ ಎರಡಕ್ಕೂ ಸಂಬಂಧ ಹೇಳುವ ಆಧಾರವೇನೂ ಇಲ್ಲ. ಇದೇ ಮಾತನ್ನು ಮಧ್ಯಪ್ರದೇಶದವರು ತಮ್ಮ ಚೌಸಠ ಯೋಗಿನಿ ಗುಡಿಯ ಬಗೆಗೆ ಹೇಳುತ್ತಾರೆ. 2023ರಲ್ಲಿ ಸಂಸತ್ತು ಹೊಸ ಭವನಕ್ಕೆ ಹೋದ ಮೇಲೂ ಈ ಸ್ಪರ್ಧೆ ನಿಂತಿಲ್ಲ. ದುರ್ಗದ ಗುಡಿಯ ಹಿರಿಮೆಗೆ ಲುಟ್ಯೆನ್ಸ್, ಬೇಕರರ ಶಿಫಾರಸು ಬೇಕೆ?

ಅವನು ಹೇಳಬಹುದಾಗಿದ್ದ ನಿಜವಾದ ಸಂಗತಿಗಳು ಆ ಆವರಣದಲ್ಲೇ ಬಿದ್ದಿದ್ದವು. ಐಹೊಳೆಯ ಗುಡಿಗಳ ಹೆಸರುಗಳನ್ನು ಒಮ್ಮೆ ಕೇಳಿ: ಲಾಡಖಾನನ ಗುಡಿ, ಗೌಡರ ಗುಡಿ, ಬಡಿಗೇರ ಗುಡಿ, ಅಂಬಿಗೇರ ಗುಡಿ, ಕೊಂತಿ ಗುಡಿ, ಚಿಕ್ಕಿ ಗುಡಿ, ಹುಚ್ಚಪ್ಪಯ್ಯನ ಗುಡಿ. ಇವು ಚಾಲುಕ್ಯರು ಇಟ್ಟ ಹೆಸರುಗಳಲ್ಲ. ರಾಜವಂಶ ಅಳಿದು, ಪೂಜೆ ನಿಂತು, ಗುಡಿಗಳು ಬರಿದಾದ ಮೇಲೆ ಊರಿನವರು ಅವುಗಳ ಒಳಗೂ ಮಗ್ಗುಲಲ್ಲೂ ಬಾಳಿದರು. ಅವರ ಕಸುಬು, ಮನೆತನ, ನೆರೆಹೊರೆಗಳ ಹೆಸರೇ ಗುಡಿಗಳಿಗೂ ನಿಂತಿತು. ಲಾಡಖಾನನೆಂಬವನು ಹಿಂದೊಮ್ಮೆ ಆ ಗುಡಿಯಲ್ಲಿ ಮನೆ ಮಾಡಿಕೊಂಡಿದ್ದ ಮುಸಲ್ಮಾನ ಗೃಹಸ್ಥ. ಶಿವಾಲಯವೊಂದು ಅವನ ಹೆಸರಿನಲ್ಲೇ ಪುರಾತತ್ತ್ವ ಇಲಾಖೆಯ ಫಲಕದ ಮೇಲೂ, ಜಗತ್ತಿನ ಕಲಾ ಇತಿಹಾಸದ ಗ್ರಂಥಗಳಲ್ಲೂ ಪ್ರಸಿದ್ಧವಾಗಿದೆ. ಗುಡಿಗಳನ್ನು ಕಟ್ಟಿದವರು ಒಬ್ಬರಾದರೆ ಉಳಿಸಿಕೊಂಡು ಬಂದವರು ಮತ್ತೊಬ್ಬರು ಎಂಬುದನ್ನು ಈ ಹೆಸರುಗಳೇ ಸಾರುತ್ತವೆ. ನಮ್ಮ ಪ್ರವಾಸ ಈ ಎರಡನೆಯವರನ್ನು ಬಸ್ಸಿನ ಕಿಟಕಿಯಿಂದ ಕೂಡ ನೋಡಲಿಲ್ಲ.

ಊಟದ ವಿಷಯಕ್ಕೆ ಬರುತ್ತೇನೆ. ನನ್ನ ತಕರಾರಿನ ಕೇಂದ್ರ ಅದೇ. ಅಂದು ಮಧ್ಯಾಹ್ನ ಪಟ್ಟದಕಲ್ಲಿನ ಹೊರಗೆ ಮರದ ನೆರಳಿನಲ್ಲಿ ನಮಗೆ ಒಬ್ಬೊಬ್ಬರಿಗೆ ಒಂದೊಂದು ಕಾಗದದ ಪೆಟ್ಟಿಗೆ ಬಂತು. ಅದರೊಳಗೆ ಪನೀರಿನ ಪಲ್ಯ, ಮೈದಾ ರೊಟ್ಟಿ, ಜೀರಿಗೆ ಅನ್ನ, ಒಂದು ಗುಲಾಬ್ ಜಾಮೂನು. ದೊಡ್ಡ ಊರಿನ ಯಾವುದೋ ಹೋಟೆಲಿನಿಂದ ಮುಂಜಾನೆಯೇ ತುಂಬಿ ತಂದದ್ದು. ಮುಂಬಯಿಗೆ ಊಟ ಬಡಿಸಿ ಹೆಸರಾದವರು ನಾವು. ಮಾಟುಂಗದಿಂದ ಕೋಟೆಯವರೆಗೆ ಬೀದಿ ಬೀದಿಯಲ್ಲಿ ಉಡುಪಿ ಹೋಟೆಲುಗಳನ್ನು ಕಟ್ಟಿ, ಹಗಲು ಟೇಬಲ್ ಒರೆಸಿ ಇರುಳು ಕನ್ನಡ ರಾತ್ರಿಶಾಲೆಗಳಲ್ಲಿ ಅಕ್ಷರ ಕಲಿತ ಹುಡುಗರ ಪರಂಪರೆ ನಮ್ಮದು. ತಮ್ಮ ನೆಲದ ಅಡುಗೆಯನ್ನು ಪರನಾಡಿನಲ್ಲಿ ನೆಲೆಗೊಳಿಸಿದ ಇಂಥ ಸಮುದಾಯ, ತನ್ನದೇ ನಾಡಿಗೆ ಹೋಗಿ ದಾದರಿನ ಯಾವ ಮೂಲೆಯಲ್ಲೂ ಸಿಗುವ ಪನೀರನ್ನು ತಿಂದು ಬಂದಿತು.

ಸಂಜೆ ಬನಶಂಕರಿಯಲ್ಲಿ ಹೊಂಡದ ಬಳಿ ಬುಟ್ಟಿಯನ್ನಿಟ್ಟುಕೊಂಡು ಕುಳಿತ ಹೆಂಗಸರನ್ನು ನಿಮ್ಮಲ್ಲಿ ಹಲವರು ಕಂಡಿರಬಹುದು. ಜೋಳದ ರೊಟ್ಟಿ, ಎಳ್ಳು ಹಚ್ಚಿದ ಸಜ್ಜೆಯ ರೊಟ್ಟಿ, ಕಾಳಿನ ಪಲ್ಯ, ಶೇಂಗಾ ಹಿಂಡಿ, ಕೆಂಪು ಮೆಣಸಿನಕಾಯಿಯ ಚಟ್ನಿ, ಕುಡಿಕೆಯಲ್ಲಿ ಕೆನೆಮೊಸರು. ದೇವಸ್ಥಾನಕ್ಕೆ ಬಂದವರು ಕಟ್ಟೆಯ ಮೇಲೆ ಕುಳಿತು ಅವರ ಕೈಯಿಂದ ಉಂಡು ಹೋಗುವುದು ಅಲ್ಲಿಯ ಹಳೆಯ ವಾಡಿಕೆ. ನಮ್ಮ ಬಸ್ಸು ಹಾರನ್ನು ಬಾರಿಸುತ್ತಿತ್ತು. ನಾನು ನಾಲ್ಕು ರೊಟ್ಟಿ ಕಟ್ಟಿಸಿಕೊಳ್ಳುತ್ತಾ, ದಿನವೂ ಇಷ್ಟು ಬಸ್ಸುಗಳು ಬರುತ್ತವಲ್ಲ, ವ್ಯಾಪಾರ ಹೇಗಮ್ಮ ಎಂದು ಕೇಳಿದೆ. “ಬಸ್ಸಿನ ಮಂದಿ ಬರೋದೇನ ಬರ್ತಾರ್ರೀ ಅಣ್ಣಾರ, ಹೊಟ್ಟಿ ತುಂಬಿಸ್ಕೊಂಡ ಬರ್ತಾರ. ನಮ್ಮ ರೊಟ್ಟಿ ಉಣ್ಣೋರು ನಡಕೊಂಡ ಬಂದ ಮಂದಿನ” ಎಂದಳಾಕೆ. ದೂರಿನ ದನಿಯಿರಲಿಲ್ಲ, ಇದ್ದದ್ದನ್ನು ಹೇಳಿದಳು ಅಷ್ಟೆ.

ಹಣದ ಲೆಕ್ಕವನ್ನು ಬಿಡಿಸಿ ನೋಡಿದರೆ ಆಕೆಯ ಮಾತಿನ ಪೂರ್ಣಾರ್ಥ ತಿಳಿಯುತ್ತದೆ. ಬಸ್ಸಿನ ಬಾಡಿಗೆ ನಗರದ ಕಂಪೆನಿಗೆ ಹೋಗುತ್ತದೆ. ವಸತಿಯ ಹಣ ಪಟ್ಟಣದ ಲಾಡ್ಜಿಗೆ. ಸ್ಮಾರಕದ ಪ್ರವೇಶಧನ ಭಾರತ ಸರಕಾರದ ಬೊಕ್ಕಸಕ್ಕೆ. ಒಬ್ಬ ಪ್ರವಾಸಿಯಿಂದ ಊರಿಗೆ ನೇರವಾಗಿ ಸಲ್ಲಬಹುದಾದದ್ದು ಎರಡೇ ಎರಡು: ಊರಿನವನೇ ಆದ ಮಾರ್ಗದರ್ಶಿಯ ಸಂಭಾವನೆ ಮತ್ತು ಊಟದ ಹಣ. ಎರಡನ್ನೂ ನಾವು ಹೊರಗಿನಿಂದಲೇ ಕೊಂಡುಹೋದರೆ ಊರಿಗೆ ಉಳಿಯುವುದು ಧೂಳು ಮತ್ತು ಖಾಲಿ ಪೆಟ್ಟಿಗೆಗಳು.

ಊರಿನವರೇಕೆ ಗುಡಿಯ ಬಾಗಿಲಲ್ಲೊಂದು ಖಾನಾವಳಿ ತೆರೆಯಬಾರದು ಎಂದು ಸಮಿತಿಯ ಮಿತ್ರರೊಬ್ಬರು ಕೇಳಿದರು. ನ್ಯಾಯವಾದ ಪ್ರಶ್ನೆ. ಕೇಂದ್ರ ಸರಕಾರದ ಕಡತಗಳ ನಡುವೆ ಮೂರು ದಶಕ ಕಳೆದವನಾದ್ದರಿಂದ ಇದಕ್ಕೆ ಸ್ವಲ್ಪ ವಿವರವಾಗಿ ಉತ್ತರಿಸಬಯಸುತ್ತೇನೆ. 1958ರ ಪ್ರಾಚೀನ ಸ್ಮಾರಕಗಳ ಕಾಯಿದೆಗೆ 2010ರಲ್ಲಿ ತಿದ್ದುಪಡಿಯಾಯಿತು. ಅದರಂತೆ ಸಂರಕ್ಷಿತ ಸ್ಮಾರಕದ ಗಡಿಯಿಂದ 100 ಮೀಟರಿನೊಳಗೆ ಹೊಸ ಕಟ್ಟಡ ಕಟ್ಟುವಂತಿಲ್ಲ. ಅದರಾಚೆಗಿನ 200 ಮೀಟರಿನಲ್ಲಿ ಅನುಮತಿ ಪಡೆದೇ ಕಟ್ಟಬೇಕು. ಹಳೆಯ ಮನೆಯ ದುರಸ್ತಿಗೂ ಅನುಮತಿ ಬೇಕು. ಒಂದೇ ಸ್ಮಾರಕವಿರುವ ಊರಿನಲ್ಲಿ ಇದು ಹೊರೆಯಾಗಲಾರದು. ಐಹೊಳೆಯಲ್ಲಿ ನೂರಕ್ಕೂ ಹೆಚ್ಚು ಗುಡಿಗಳು ಊರಿನೊಳಗೇ ಹರಡಿಕೊಂಡಿವೆ. ಒಂದು ಗುಡಿಯ ನಿಷೇಧದ ವೃತ್ತ ಮುಗಿಯುವಲ್ಲಿ ಇನ್ನೊಂದರದು ಆರಂಭವಾಗುತ್ತದೆ. ಮಾಳಿಗೆ ಸೋರಿದರೆ, ಮಗನ ಮದುವೆಗೆ ಒಂದು ಕೋಣೆ ಬೇಕಾದರೆ, ಶೌಚಾಲಯ ಕಟ್ಟಬೇಕಾದರೆ ಅಲ್ಲಿಯ ರೈತ ಅರ್ಜಿ ಹಿಡಿದು ಕಚೇರಿಯಿಂದ ಕಚೇರಿಗೆ ಅಲೆಯಬೇಕು. ಖಾನಾವಳಿ ಕಟ್ಟುವ ಮಾತು ದೂರವೇ ಉಳಿಯಿತು. ಇನ್ನು ಸ್ಮಾರಕದ ಆವರಣದೊಳಗೆ, ಅನುಮತಿಯಿರುವ ಜಾಗವನ್ನು ಬಿಟ್ಟು, ಅಡುಗೆ ಮಾಡುವುದಕ್ಕೂ ಉಣ್ಣುವುದಕ್ಕೂ 1959ರ ನಿಯಮಗಳಲ್ಲೇ ನಿಷೇಧವಿದೆ.

ಕಾಯಿದೆ ತಪ್ಪೆಂದು ನಾನು ಹೇಳುತ್ತಿಲ್ಲ. ಅದಿಲ್ಲದಿದ್ದರೆ ಇಷ್ಟು ಹೊತ್ತಿಗೆ ದುರ್ಗದ ಗುಡಿಯ ಬೆನ್ನಿಗೆ ಮೂರು ಅಂತಸ್ತಿನ ಲಾಡ್ಜು ಎದ್ದು ನಿಂತಿರುತ್ತಿತ್ತು. ಆದರೆ ಆ ರಕ್ಷಣೆಯ ಬೆಲೆಯನ್ನು ಯಾರು ತೆರುತ್ತಿದ್ದಾರೆ ಎಂಬುದನ್ನಾದರೂ ನಾವು ತಿಳಿದಿರಬೇಕು. ಗುಡಿಗಳ ಮಗ್ಗುಲಿನ ಮನೆಗಳನ್ನು ಎಬ್ಬಿಸಿ ಊರನ್ನು ಬೇರೆಡೆಗೆ ಸಾಗಿಸುವ ಯೋಜನೆ ದಶಕಗಳಿಂದ ಕಡತಗಳಲ್ಲಿ ಓಡಾಡುತ್ತಿದೆ. ಹೋಗಬೇಕೆ, ಇರಬೇಕೆ ಎಂಬುದು ಖಚಿತವಾಗದ ಊರಿನಲ್ಲಿ ಯಾರೂ ಗೋಡೆಗೆ ಸುಣ್ಣ ಬಳಿಯುವುದಿಲ್ಲ. 2009ರಲ್ಲಿಯೂ 2019ರಲ್ಲಿಯೂ ಮಲಪ್ರಭೆ ಉಕ್ಕಿ ಈ ಕಣಿವೆಯನ್ನು ಮುಳುಗಿಸಿತು. 2019ರ ಆಗಸ್ಟಿನಲ್ಲಿ ಪಟ್ಟದಕಲ್ಲಿನ ಗುಡಿಗಳ ಅಂಗಳದಲ್ಲಿ ನೀರು ನಿಂತ ಚಿತ್ರಗಳನ್ನು ನಾವೆಲ್ಲ ಪತ್ರಿಕೆಗಳಲ್ಲಿ ನೋಡಿ ಮರುಗಿದೆವು. ಪಕ್ಕದ ಮನೆಗಳ ಒಲೆಗಳ ಮೇಲೂ ಅದೇ ನೀರು ನಿಂತಿತ್ತು.

ಗುಡಿಯನ್ನೂ ಊರನ್ನೂ ಹೀಗೆ ಬೇರೆ ಬೇರೆಯಾಗಿ ನೋಡುವ ಅಭ್ಯಾಸ ಚಾಲುಕ್ಯರದ್ದಾಗಿರಲಿಲ್ಲ. ಕ್ರಿ.ಶ. 578ರಲ್ಲಿ ಸಿದ್ಧವಾದ ಬಾದಾಮಿಯ ಮೂರನೆಯ ಗುಹೆಯ ಬಳಿ ಮಂಗಲೇಶನ ಕಾಲದ ಒಂದು ಚಿಕ್ಕ ಕನ್ನಡ ಶಾಸನವಿದೆ. ಗುಹಾಲಯವನ್ನು ಅದು ‘ಕಲ್ಮನೆ’ ಎಂದು ಕರೆಯುತ್ತದೆ. ಎಂಥ ಅಚ್ಚ ಮಾತು! ಆ ಕಲ್ಮನೆಗೆ ಲಂಜಿಗೇಸರವೆಂಬ ಊರನ್ನು ದತ್ತಿಯಾಗಿ ಬಿಟ್ಟದ್ದನ್ನೂ, ದೇವರಿಗೆ ಹೂ ಒದಗಿಸುವ ಮಾಲೆಗಾರರ ಪಾಲನ್ನೂ ಅದರಲ್ಲಿ ಬರೆಯಿಸಿದೆ. ಲಂಜಿಗೇಸರವೆಂದರೆ ಮಹಾಕೂಟದ ಸಮೀಪದ ಇಂದಿನ ನಂದಿಕೇಶ್ವರವೆಂದು ವಿದ್ವಾಂಸರು ಗುರುತಿಸಿದ್ದಾರೆ. ಕಲ್ಲು ಕೊರೆದು ಮುಗಿದೊಡನೆ ಕೆಲಸ ಮುಗಿಯಲಿಲ್ಲ. ನೆರೆಯ ಊರಿನ ಬೆಳೆ, ಹೂವಾಡಿಗರ ದುಡಿಮೆ ಇವುಗಳಿಂದಲೇ ಕಲ್ಮನೆ ಮನೆಯಾಗಿ ಉಳಿಯುತ್ತದೆಂಬುದು ಅರಸನಿಗೆ ಗೊತ್ತಿತ್ತು. ಪಟ್ಟದಕಲ್ಲಿನ ವಿರೂಪಾಕ್ಷ ಗುಡಿಯಲ್ಲಿ ಅದನ್ನು ಕಟ್ಟಿದ ಗುಂಡನೆಂಬ ಆಚಾರಿಯ ಹೆಸರನ್ನು ಕನ್ನಡದಲ್ಲಿ ಕೆತ್ತಿಸಿದ್ದಾರೆ; ಗಾಯಕರಿಗೆ ಹಿಂದಿನಿಂದ ನಡೆದುಬಂದ ಹಕ್ಕನ್ನು ರಾಣಿ ಲೋಕಮಹಾದೇವಿ ಸ್ಥಿರಪಡಿಸಿದ್ದನ್ನೂ ದಾಖಲಿಸಿದ್ದಾರೆ. ದುಡಿದವರ ಲೆಕ್ಕ ಆ ಕಾಲದಲ್ಲಿ ಕಲ್ಲಿನ ಮೇಲೆಯೇ ಇತ್ತು.

ಆದುದರಿಂದ ನನ್ನ ಸೂಚನೆ ಇಷ್ಟು. ಈ ಸಲ ಒಂದು ದಿನಕ್ಕೆ ಒಂದೇ ಸ್ಥಳ. ಮೂರನ್ನೂ ನೋಡಬೇಕೆಂದರೆ ಮೂರು ದಿನ ಇರೋಣ. ಆಗದಿದ್ದರೆ ಈ ವರ್ಷ ಐಹೊಳೆಯೊಂದೇ ಸಾಕು, ಪಟ್ಟದಕಲ್ಲು 1987ರಿಂದ ವಿಶ್ವಪರಂಪರೆಯ ಪಟ್ಟಿಯಲ್ಲಿದೆ, ಎಲ್ಲಿಗೂ ಓಡಿಹೋಗುವುದಿಲ್ಲ. ಮಾರ್ಗದರ್ಶಿಯನ್ನು ಸ್ಥಳದಲ್ಲೇ ಗೊತ್ತುಮಾಡೋಣ. ಪರವಾನಗಿ ಪಡೆದ, ಆ ನೆಲದಲ್ಲೇ ಹುಟ್ಟಿ ಬೆಳೆದ ಮಾರ್ಗದರ್ಶಿಗಳು ಅಲ್ಲಿದ್ದಾರೆ. ಅವರೂ ಪರಶುರಾಮ ಕೊಡಲಿ ತೊಳೆದ ಕಥೆಯನ್ನು ಹೇಳುತ್ತಾರೆ, ಹೇಳಲಿ. ಅದು ಊರು ತನ್ನ ಹೆಸರಿಗೆ ಕಟ್ಟಿಕೊಂಡ ಕಥೆ. ಜೊತೆಗೆ ಯಾವ ಗುಡಿಯಲ್ಲಿ ಯಾರ ಅಜ್ಜ ದನ ಕಟ್ಟುತ್ತಿದ್ದನೆಂಬುದನ್ನೂ ಹೇಳಬಲ್ಲರು. ಮೇಗುತಿಯ ಬೆಟ್ಟವನ್ನು ಬೆಳಗಿನ ತಂಪಿನಲ್ಲಿ ಹತ್ತೋಣ. ಮಧ್ಯಾಹ್ನದ ಊಟವನ್ನು ಊರಿನ ಮನೆಗಳಲ್ಲೇ ಮಾಡೋಣ. ಹೊಸ ಕಟ್ಟಡಕ್ಕೆ ಕಾಯಿದೆಯ ಅಡ್ಡಿಯಿದೆ, ಇರುವ ಅಡುಗೆಮನೆಯಲ್ಲಿ ಇನ್ನೂ ನಾಲ್ಕು ರೊಟ್ಟಿ ಬಡಿಯುವುದಕ್ಕೆ ಅಡ್ಡಿಯಿಲ್ಲ. ಮನೆಗೆ ಐದಾರು ಮಂದಿಯಂತೆ ಹಂಚಿಕೊಂಡರೆ ನಲವತ್ತು ಮಂದಿ ಏಳೆಂಟು ಮನೆಗಳಲ್ಲಿ ಉಣ್ಣಬಹುದು. ಮಹಿಳೆಯರ ಸ್ವಸಹಾಯ ಸಂಘಗಳು ಬಾಗಲಕೋಟೆಯ ಕಡೆ ರೊಟ್ಟಿಯ ಕಸುಬನ್ನು ಚೆನ್ನಾಗಿ ರೂಢಿಸಿಕೊಂಡಿವೆ. ಹದಿನೈದು ದಿನ ಮೊದಲೇ ತಿಳಿಸಿ ಅರ್ಧ ಹಣ ಮುಂಗಡ ಕೊಟ್ಟರೆ ಆಯಿತು. ಆ ಹಣ ಧರ್ಮವಲ್ಲ, ಊಟದ ಬೆಲೆ. ಕಾಗದದ ಪೆಟ್ಟಿಗೆಗೆ ಕೊಟ್ಟಷ್ಟನ್ನೇ ಕೊಡೋಣ, ಚೌಕಾಸಿ ಬೇಡ.

ಆಕ್ಷೇಪಗಳು ಬಂದಿವೆ. ಶುಚಿಯ ಬಗೆಗೆ ಒಬ್ಬರು ಕೇಳಿದರು; ಯಾರೋ ಎಲ್ಲೋ ನಸುಕಿನಲ್ಲಿ ತುಂಬಿಟ್ಟ ಪೆಟ್ಟಿಗೆಗಿಂತ ಕಣ್ಣೆದುರು ಹಂಚಿನಿಂದ ತಟ್ಟೆಗೆ ಬಿದ್ದ ರೊಟ್ಟಿಯ ಮೇಲೆ ನನಗೆ ಹೆಚ್ಚು ನಂಬಿಕೆ. ಕುಡಿಯುವ ನೀರನ್ನು ನಾವೇ ಒಯ್ಯೋಣ, ಅದರಲ್ಲಿ ಬಿಗುಮಾನ ಬೇಡ. ದಕ್ಷಿಣ ಕನ್ನಡ, ಉಡುಪಿಗಳ ಕಡೆಯ ಸದಸ್ಯರು ನಮ್ಮಲ್ಲಿ ಹೆಚ್ಚು. ಕುಚ್ಚಲಕ್ಕಿ, ತೆಂಗಿನಕಾಯಿಗಳಲ್ಲಿ ಬೆಳೆದ ನಾಲಗೆಗೆ ಜೋಳ, ಗುರೆಳ್ಳು ಚಟ್ನಿ, ಪುಂಡಿಪಲ್ಯ ಹಿಡಿಸುವುದೆ ಎಂದು ಇನ್ನೊಬ್ಬರ ಸಂಶಯ. ಹಿಡಿಸದಿದ್ದರೂ ಒಂದು ಹೊತ್ತು ಉಂಡು ನೋಡಲಿ. ಕನ್ನಡನಾಡು ಒಂದೇ ಎಂದು ಪ್ರತಿ ನವೆಂಬರಿನಲ್ಲಿ ವೇದಿಕೆಯ ಮೇಲೆ ಹೇಳುವವರು ಎರೆಭೂಮಿಯ ಬಿಳಿಜೋಳದ ರುಚಿಯನ್ನು ಅರಿಯದೆ ಇರುವುದು ಹೇಗೆ? ಸೊಲ್ಲಾಪುರದ ನಮ್ಮ ಬಂಧುಗಳಿಗೆ ಈ ಮಾತು ಬೇಕಿಲ್ಲ, ಮಾಲದಂಡಿ ಜೋಳ ಅವರ ಮನೆಯದೇ. ಮೂರನೆಯ ಆಕ್ಷೇಪ ಯಾರೂ ಬಾಯಿಬಿಟ್ಟು ಹೇಳಲಿಲ್ಲ, ಆದರೆ ಸಭೆಯಲ್ಲಿ ಅದರ ನೆರಳು ಸುಳಿಯಿತು: ಯಾರ ಮನೆಯಲ್ಲಿ ಉಣ್ಣುವುದು? ಉತ್ತರ ಸರಳ. ಮನೆಗಳನ್ನು ಊರಿನ ಸ್ವಸಹಾಯ ಸಂಘದವರೇ ಹಂಚಲಿ. ಬಂದ ಮನೆಗೆ ಹೋಗುವುದು. ಒಲ್ಲದವರು ಆ ದಿನ ಉಪವಾಸವಿರಬಹುದು.

ಹೊರನಾಡಿನ ನಮಗೆ ಐಹೊಳೆಯನ್ನೇ ಮೊದಲು ಏಕೆ ಸೂಚಿಸುತ್ತಿದ್ದೇನೆಂಬುದಕ್ಕೆ ಇನ್ನೊಂದು ಕಾರಣವಿದೆ. ಬಾದಾಮಿ ಅರಸರ ಊರು, ಪಟ್ಟದಕಲ್ಲು ಪಟ್ಟಾಭಿಷೇಕದ ಊರು; ಐಹೊಳೆ ವರ್ತಕರ ಊರು. ‘ಅಯ್ಯಾವೊಳೆ ಐನೂರ್ವರು’ ಎಂಬ ವಣಿಕಸಂಘ ಇಲ್ಲಿಯ ಹೆಸರನ್ನು ಹೊತ್ತುಕೊಂಡು ಆಂಧ್ರ, ತಮಿಳುನಾಡುಗಳ ಸಂತೆ ಸಂತೆಯಲ್ಲಿ ವ್ಯಾಪಾರ ನಡೆಸಿತು. ಸುಮಾತ್ರಾ ದ್ವೀಪದ ಬಾರೂಸಿನಲ್ಲಿ ದೊರೆತ 1088ರ ತಮಿಳು ಶಾಸನದಲ್ಲೂ ಐನೂರ್ವರ ಉಲ್ಲೇಖವಿದೆ. ಪರಭಾಷೆಯ ನಾಡುಗಳಲ್ಲಿ ಆಯಾ ಭಾಷೆಯಲ್ಲೇ ವ್ಯವಹರಿಸುತ್ತ, ಮೂಲದ ಊರಿನ ಹೆಸರನ್ನು ಬಿಡದೆ ಶತಮಾನಗಟ್ಟಲೆ ಬಾಳಿದ ಸಂಘ ಅದು. ಹೊರನಾಡ ಸಂಘದ ಕಾರ್ಯಕರ್ತರಾದ ನಾವು ಅವರ ಊರಿನಲ್ಲಿ ಒಂದು ಹಗಲು ಕಳೆಯುವುದು ನ್ಯಾಯವೇ ಆಗಿದೆ. ಚೆನ್ನೈಯ ಓದುಗರಿಗೂ ಒಂದು ಮಾತು: ಕಾಂಚಿಯ ಕೈಲಾಸನಾಥ ಗುಡಿಯ ಕಂಬವೊಂದರಲ್ಲಿ ಎರಡನೆಯ ವಿಕ್ರಮಾದಿತ್ಯನ ಕನ್ನಡ ಶಾಸನವಿದೆ. ಗೆದ್ದ ಊರಿನ ದೇವರ ಸಂಪತ್ತನ್ನು ದೇವರಿಗೇ ಬಿಟ್ಟುಕೊಟ್ಟ ಸಂಗತಿ ಅದರಲ್ಲಿದೆ. ಆ ಗುಡಿಯಿಂದ ಪಟ್ಟದಕಲ್ಲಿನ ವಿರೂಪಾಕ್ಷಕ್ಕೆ, ಅಲ್ಲಿಂದ ನಮ್ಮ ಮಹಾರಾಷ್ಟ್ರದ ಎಲ್ಲೋರದ ಕೈಲಾಸಕ್ಕೆ ಶಿಲ್ಪದ ದಾರಿ ಹರಿದಿರುವುದನ್ನು ಕಲಾ ಇತಿಹಾಸಕಾರರು ತೋರಿಸಿಕೊಟ್ಟಿದ್ದಾರೆ. ಚೆನ್ನೈಯ ಸಂಘಗಳವರು ಕಾಂಚಿಗೆ ಹೋಗುವಾಗಲೂ ಇದೇ ಕ್ರಮವನ್ನು ಅನುಸರಿಸಬಹುದು. ಅಲ್ಲಿಯ ಊಟ ಅಲ್ಲಿಯವರದ್ದಾಗಿರಲಿ.

ದಿನಾಂಕದ ಪ್ರಶ್ನೆ ಉಳಿದಿದೆ. ಬನದ ಹುಣ್ಣಿಮೆಯ ಸುಮಾರಿಗೆ ಬನಶಂಕರಿಯ ಜಾತ್ರೆಯಿರುವುದರಿಂದ ಆ ದಿನಗಳಲ್ಲಿ ಬಾದಾಮಿಯಲ್ಲಿ ತಂಗಲು ಜಾಗ ಸಿಗುವುದು ಕಷ್ಟ. ಅದಕ್ಕೆ ಒಂದು ವಾರ ಮೊದಲು ಹೋಗುವುದು ಒಳ್ಳೆಯದು. ಹಿಂಗಾರಿನ ಜೋಳ ಆಗ ಹಾಲುದೆನೆಯಾಗಿರುತ್ತದೆ. ಹೊಲದಲ್ಲೇ ಕುಳ್ಳಿನ ಕೆಂಡದಲ್ಲಿ ಸುಟ್ಟು ಉಜ್ಜಿ ಕೊಡುವ ಸೀತನಿ, ಮರಾಠಿಯವರು ಹುರಡಾ ಎನ್ನುವುದು, ಸಿಕ್ಕರೆ ಆ ಸಮಯದಲ್ಲೇ ಸಿಗಬೇಕು. ಅಮೀನಗಡ ಹತ್ತಿರವೇ ಇದೆ, ಕರದಂಟು ಬೇಕಾದವರು ಮರಳುವಾಗ ಕೊಳ್ಳಬಹುದು. ಬರಲಿಚ್ಛಿಸುವವರು ಡಿಸೆಂಬರ್ ಮೊದಲ ವಾರದೊಳಗೆ ಕಾರ್ಯಾಲಯಕ್ಕೆ ಹೆಸರು ತಿಳಿಸಲಿ. ಎಷ್ಟು ಮನೆಗಳಿಗೆ ಹೇಳಿಕಳಿಸಬೇಕೆಂಬುದು ಅದರ ಮೇಲೆ ನಿಂತಿದೆ.